ತ್ಸುಕಿಜಿ ಮೀನುಪೇಟೆಯ ಮಾರ್ಗದರ್ಶಿ ನಡಿಗೆ: ಹದಿನೈದು ಸಾವಿರ ಯೆನ್‌ಗೆ ಸಿಕ್ಕಿದ್ದೇನು?

ಟೋಕಿಯೊದ ತ್ಸುಕಿಜಿ ಹೊರಪೇಟೆಯನ್ನು ಮಾರ್ಗದರ್ಶಿಯೊಬ್ಬರ ಜೊತೆ ಕಾಲ್ನಡಿಗೆಯಲ್ಲಿ ಸುತ್ತಿಸುವ, ದಾರಿಯುದ್ದಕ್ಕೂ ಅಲ್ಲಲ್ಲಿ ರುಚಿ ತೋರಿಸಿ ಕೊನೆಗೆ ಸುಶಿ ಊಟದೊಂದಿಗೆ ಮುಗಿಸುವ ಬೆಳಗಿನ ಪ್ರವಾಸಗಳನ್ನು ಇಂದು ಹಲವು ಸಂಸ್ಥೆಗಳು ನಡೆಸುತ್ತಿವೆ. ಅಂಥದ್ದೊಂದರಲ್ಲಿ ನಾನು ಈಚೆಗೆ ಪಾಲ್ಗೊಂಡೆ. ಸುಮಾರು ಮೂರೂವರೆ ಗಂಟೆಯ ನಡಿಗೆ, ಇಂಗ್ಲಿಷಿನಲ್ಲಿ ವಿವರಣೆ, ಹತ್ತು ಜನರನ್ನು ಮೀರದ ಗುಂಪು, ತಲೆಗೆ ಹದಿನೈದು ಸಾವಿರ ಯೆನ್‌ಗೆ ತುಸು ಕಡಿಮೆ ಶುಲ್ಕ. ಅಲ್ಲಿ ನಮಗೆ ಕೊಟ್ಟ ತಿನಿಸುಗಳನ್ನೆಲ್ಲ ನಾವೇ ಹೋಗಿ ಕೊಂಡು ತಿಂದರೆ ಅದರ ಅರ್ಧದಷ್ಟು ಹಣವೂ ಖರ್ಚಾಗುವುದಿಲ್ಲ ಎಂಬುದು ನನ್ನ ಅಂದಾಜು. ಆದ್ದರಿಂದ ಈ ಪ್ರವಾಸದ ಯೋಗ್ಯತೆಯನ್ನು ಅಳೆಯಬೇಕಾದರೆ ಉಳಿದರ್ಧ ಹಣಕ್ಕೆ ಏನು ಸಿಕ್ಕಿತು ಎಂದು ಕೇಳಬೇಕಾಗುತ್ತದೆ. ನನ್ನ ಮಟ್ಟಿಗೆ ಒಣಮೀನಿನ ಅಂಗಡಿಯ ಮುಂದೆ ಕಳೆದ ಅರ್ಧ ಗಂಟೆ ಮತ್ತು ಒಂದು ಪುಟ್ಟ ಗುಡಿಯ ಅಂಗಳದಲ್ಲಿ ಕಳೆದ ಕಾಲು ಗಂಟೆ ಆ ಋಣವನ್ನು ತೀರಿಸಿದವು. ಎಲ್ಲರೂ ಕಾದು ಕುಳಿತಿದ್ದ ಊಟ ತೀರಿಸಲಿಲ್ಲ.

ಮೊದಲು ಒಂದು ಗೊಂದಲವನ್ನು ತಿಳಿಗೊಳಿಸಬೇಕು. ತ್ಸುಕಿಜಿ ಎಂದೊಡನೆ ಈಗಲೂ ಅನೇಕರಿಗೆ ನೆನಪಾಗುವುದು ನಸುಕಿನ ಟ್ಯೂನಾ ಹರಾಜು. ನಮ್ಮ ಗುಂಪಿನಲ್ಲೂ ಇಬ್ಬರು ಅದನ್ನು ನೋಡಬಹುದೆಂದು ನಂಬಿಯೇ ಬಂದಿದ್ದರು. ಹರಾಜು ನಡೆಯುತ್ತಿದ್ದ ಒಳಪೇಟೆ 2018ರ ಅಕ್ಟೋಬರ್ 6ರಂದು ಕೊನೆಯ ವಹಿವಾಟು ಮುಗಿಸಿ ಬಾಗಿಲು ಹಾಕಿತು. ಅದೇ ತಿಂಗಳ 11ರಂದು, ಎರಡು ಕಿಲೋಮೀಟರಿಗೆ ತುಸು ಹೆಚ್ಚು ದೂರದಲ್ಲಿರುವ ಟೊಯೊಸುವಿನಲ್ಲಿ ಹೊಸ ಸಗಟು ಮಾರುಕಟ್ಟೆ ತೆರೆಯಿತು. ಈ ಸ್ಥಳಾಂತರ 2016ರ ನವೆಂಬರಿನಲ್ಲೇ ಆಗಬೇಕಿತ್ತು. ಆದರೆ ಟೊಯೊಸುವಿನ ಜಾಗದಲ್ಲಿ ಹಿಂದೆ ಅನಿಲ ಕಾರ್ಖಾನೆ ಇದ್ದುದರಿಂದ ಮಣ್ಣು ಮತ್ತು ಅಂತರ್ಜಲ ಕೆಟ್ಟಿರಬಹುದೆಂಬ ಆತಂಕ ಎದ್ದು, ಗವರ್ನರ್ ಯುರಿಕೊ ಕೊಯಿಕೆ ಅದನ್ನು ಮುಂದೂಡಿದ್ದರು. ತ್ಸುಕಿಜಿಯಲ್ಲಿ ಉಳಿದುಕೊಂಡದ್ದು ಒಳಪೇಟೆಗೆ ಆತುಕೊಂಡು ಬೆಳೆದ ಹೊರಪೇಟೆ. ಕಿರಿದಾದ ಓಣಿಗಳಲ್ಲಿ ನಾನೂರಕ್ಕೂ ಹೆಚ್ಚು ಅಂಗಡಿಗಳು. ಮೀನು, ಕಡಲಕಳೆ, ಉಪ್ಪಿನಕಾಯಿ, ಚಹಾ, ಚೂರಿ, ಪಿಂಗಾಣಿ, ಮಸಾಲೆ, ಹೋಟೆಲಿಗೆ ಬೇಕಾದ ಪಾತ್ರೆಪಗಡಿ ಎಲ್ಲವೂ ಅಲ್ಲಿವೆ. ಹರಾಜು ನೋಡುವುದೇ ನಿಮ್ಮ ಆಸೆಯಾಗಿದ್ದರೆ ತ್ಸುಕಿಜಿಯ ಯಾವ ಪ್ರವಾಸವೂ ಅದನ್ನು ಪೂರೈಸಲಾರದು. ಜಾಹೀರಾತುಗಳಲ್ಲಿ ಸಾಲಾಗಿ ಮಲಗಿಸಿದ ಟ್ಯೂನಾಗಳ ಹಳೆಯ ಚಿತ್ರಗಳನ್ನು ಇನ್ನೂ ಬಳಸುವ ಸಂಸ್ಥೆಗಳಿಂದ ದೂರವಿರುವುದು ಒಳ್ಳೆಯದು.

ನಮ್ಮ ನಡಿಗೆ ಆರಂಭವಾದದ್ದು ತ್ಸುಕಿಜಿ ಹೊಂಗಾನ್‌ಜಿ ಎಂಬ ಬೌದ್ಧ ದೇವಾಲಯದ ಮೆಟ್ಟಿಲುಗಳ ಮೇಲೆ, ಎಂಟು ಗಂಟೆಗೆ. ಮೀನುಪೇಟೆಗೆ ಬಂದವರನ್ನು ದೇವಾಲಯದ ಮುಂದೆ ಏಕೆ ನಿಲ್ಲಿಸಿದ್ದಾರೆಂಬ ಪ್ರಶ್ನೆ ಗುಂಪಿನಲ್ಲಿ ಹಲವರ ಮುಖದ ಮೇಲೆ ಕಾಣುತ್ತಿತ್ತು. ಮಾರ್ಗದರ್ಶಿ, ಐವತ್ತು ದಾಟಿದ ಒಬ್ಬ ಮಹಿಳೆ, ಅದಕ್ಕೆ ಕೊಟ್ಟ ಉತ್ತರದಿಂದಲೇ ಈ ಪ್ರವಾಸದ ಮೇಲೆ ನನಗೆ ನಂಬಿಕೆ ಹುಟ್ಟಿತು. 1657ರ ಮಹಾ ಅಗ್ನಿದುರಂತದಲ್ಲಿ ಎದೊ (ಟೋಕಿಯೊದ ಹಳೆಯ ಹೆಸರು) ನಗರದ ಬಹುಭಾಗ ಸುಟ್ಟುಹೋದ ಮೇಲೆ, ಸಮುದ್ರವನ್ನು ತುಂಬಿ ಪಡೆದ ಈ ನೆಲದಲ್ಲಿ ಹೊಂಗಾನ್‌ಜಿಗೆ ಜಾಗ ಕೊಡಲಾಯಿತು. ಈಗ ಹೊರಪೇಟೆಯ ಅಂಗಡಿಗಳು ನಿಂತಿರುವ ಓಣಿಗಳೆಲ್ಲ ಹಿಂದೆ ಆ ದೇವಾಲಯಕ್ಕೆ ಸೇರಿದ ಚಿಕ್ಕ ಚಿಕ್ಕ ಮಠಗಳ ಆವರಣಗಳಾಗಿದ್ದವು. 1923ರ ಮಹಾ ಕಾಂತೊ ಭೂಕಂಪ ಮತ್ತು ಅದರ ಬೆನ್ನಿಗೇ ಹಬ್ಬಿದ ಬೆಂಕಿ ಒಂದೇ ಏಟಿಗೆ ಎರಡು ಕೆಲಸ ಮಾಡಿತು. ನಿಹೊನ್‌ಬಾಶಿಯಲ್ಲಿ ಮುನ್ನೂರು ವರ್ಷ ನಡೆದಿದ್ದ ಹಳೆಯ ಮೀನುಪೇಟೆ ನಾಶವಾಗಿ ತ್ಸುಕಿಜಿಗೆ ಬಂತು. ಇಲ್ಲಿದ್ದ ಮಠಗಳು ಬೇರೆ ಕಡೆಗೆ ಹೋದವು, ತೆರವಾದ ಜಾಗಕ್ಕೆ ಮೀನಿನವರು ಬಂದು ಅಂಗಡಿ ಹಾಕಿದರು. ಪೇಟೆಯ ಓಣಿಗಳ ನಡುವೆ ಇಂದಿಗೂ ಒಂದೆರಡು ಮಠಗಳು ಉಳಿದಿವೆ. ಮೀನು ಹುರಿಯುವ ಹೊಗೆಯ ಪಕ್ಕದಲ್ಲೇ ಬೌದ್ಧ ಗೋರಿಕಲ್ಲುಗಳನ್ನು ಕಂಡಾಗ ಅದು ವಿಚಿತ್ರವೆನಿಸಲಿಲ್ಲ, ಈ ಹಿನ್ನೆಲೆ ಆಗಲೇ ಕಿವಿಗೆ ಬಿದ್ದಿತ್ತು.

ದೇವಾಲಯದ ಕಟ್ಟಡವೂ ಭಾರತದಿಂದ ಹೋದವರು ನಿಂತು ನೋಡಬೇಕಾದಂಥದು. 1934ರಲ್ಲಿ ಪೂರ್ಣಗೊಂಡ, ಕಲ್ಲು ಹೊದಿಸಿದ ಈ ಕಟ್ಟಡದ ವಾಸ್ತುಶಿಲ್ಪಿ ಇತೊ ಚೂತಾ, ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಚೀನಾ, ಭಾರತ, ತುರ್ಕಿಗಳನ್ನು ಸುತ್ತಿ ಬಂದವರು. ಮುಂಭಾಗದ ದೊಡ್ಡ ಕಮಾನನ್ನು ಕಂಡರೆ ಅಜಂತಾ ಮತ್ತು ಕಾರ್ಲೆಯ ಚೈತ್ಯಗೃಹಗಳ ಕುದುರೆಲಾಳದ ಆಕಾರದ ಗವಾಕ್ಷಿ ನೆನಪಾಗದೆ ಇರದು. ಒಳಗೆ ಹೋದರೆ ಪ್ರಾರ್ಥನಾ ಮಂದಿರದ ಹಿಂಬದಿಯಲ್ಲಿ 1970ರಲ್ಲಿ ಕಾಣಿಕೆಯಾಗಿ ಬಂದ ಪೈಪ್ ಆರ್ಗನ್ ಇದೆ. ಇದಕ್ಕೆ ಪ್ರವಾಸದಲ್ಲಿ ಸಿಕ್ಕಿದ್ದು ಹತ್ತು ನಿಮಿಷ ಮಾತ್ರ. ಪ್ರವೇಶಕ್ಕೆ ಹಣವಿಲ್ಲದ ಕಾರಣ ನಡಿಗೆ ಮುಗಿದ ಮೇಲೆ ಮತ್ತೆ ಹೋಗಿ ನಿಧಾನವಾಗಿ ನೋಡಬಹುದು.

ಓಣಿಯೊಳಗೆ ಕಾಲಿಡುವ ಮೊದಲು ಕೆಲವು ಕಟ್ಟಳೆಗಳನ್ನು ತಿಳಿಸಿದರು. ಕೊಂಡ ತಿನಿಸನ್ನು ಆ ಅಂಗಡಿಯ ಮುಂದೆಯೇ ನಿಂತು ತಿನ್ನಬೇಕು, ನಡೆಯುತ್ತ ತಿನ್ನಬಾರದು, ಕಡ್ಡಿ ಮತ್ತು ಕಾಗದದ ತಟ್ಟೆಗಳನ್ನು ಕೊಂಡ ಅಂಗಡಿಗೇ ಮರಳಿಸಬೇಕು, ಚಿತ್ರ ತೆಗೆಯುವ ಮುನ್ನ ಕೇಳಬೇಕು, ಮೀನನ್ನು ಮುಟ್ಟಬಾರದು, ಕೈಗಾಡಿಗಳಿಗೆ ಯಾವಾಗಲೂ ದಾರಿ ಬಿಡಬೇಕು. ಇವು ಆ ಸಂಸ್ಥೆ ಮಾಡಿದ ನಿಯಮಗಳಲ್ಲ, ಪೇಟೆಯ ವ್ಯಾಪಾರಿಗಳೇ ಪ್ರವಾಸಿಗರಲ್ಲಿ ಮಾಡಿಕೊಳ್ಳುತ್ತಿರುವ ವಿನಂತಿಗಳು. ಹೊರಪೇಟೆ ಪ್ರವಾಸಿಗರ ತಾಣವಾದದ್ದು ಈಚೆಗೆ. ಇಂದಿಗೂ ಬೆಳಗಿನ ಮೊದಲ ಗಂಟೆಗಳಲ್ಲಿ ಅಲ್ಲಿ ಓಡಾಡುವವರು ಹೋಟೆಲುಗಳ ಅಡುಗೆಯವರು. ನಮ್ಮ ಮಾರ್ಗದರ್ಶಿ ಪ್ರತಿ ಅಂಗಡಿಯ ಮುಂದೆ ನಿಲ್ಲುವಾಗಲೂ ಗುಂಪನ್ನು ಗೋಡೆಯ ಬದಿಗೆ ಸರಿಸಿ, ಕೊಳ್ಳಲು ಬಂದ ಅಡುಗೆಯವರಿಗೆ ಮೊದಲ ಸ್ಥಾನ ಬಿಟ್ಟುಕೊಟ್ಟು, ಅವರು ಹೋದ ಮೇಲಷ್ಟೇ ಮಾತು ಮುಂದುವರಿಸುತ್ತಿದ್ದರು. ಅದೇ ಹೊತ್ತಿಗೆ ಇನ್ನೊಂದು ದೊಡ್ಡ ಗುಂಪು ಕೋಲಿಗೆ ಕಟ್ಟಿದ ಬಾವುಟದ ಹಿಂದೆ ಓಣಿಯನ್ನಿಡೀ ತುಂಬಿಕೊಂಡು ಸಾಗಿತು. ಅಂಗಡಿಯವರ ಮುಖದಲ್ಲಿ ಆಗ ಕಂಡ ಬಿಗಿತಕ್ಕೂ ನಮ್ಮ ಮಾರ್ಗದರ್ಶಿಗೆ ಅವರು ಮಾಡುತ್ತಿದ್ದ ನಮಸ್ಕಾರಕ್ಕೂ ಇದ್ದ ಅಂತರ ದೊಡ್ಡದು. ಅಂಗಡಿಯವರು ಮಾತಿಗೆ ಸಿಗುವುದೂ ಸಿಗದಿರುವುದೂ ಈ ನಡತೆಯ ಮೇಲೆ ನಿಂತಿದೆ.

ಈಗ ಒಣಮೀನಿನ ಅಂಗಡಿಯ ವಿಷಯ. ಕಾತ್ಸುವೊಬುಶಿ ಎಂಬುದು ಕಾತ್ಸುವೊ, ಅಂದರೆ ಸ್ಕಿಪ್‌ಜ್ಯಾಕ್ ಟ್ಯೂನಾ, ಮೀನಿನಿಂದ ಮಾಡಿದ ಒಣ ದಿಂಡು. ಕೈಗೆತ್ತಿಕೊಂಡರೆ ಕಟ್ಟಿಗೆಯ ತುಂಡೆಂದೇ ಅನಿಸುತ್ತದೆ. ಒಂದಕ್ಕೊಂದು ತಟ್ಟಿದರೆ ಕೇಳುವ ಟಣಟಣ ಸದ್ದನ್ನು ಕೇಳಿಯೇ ಅದು ಚೆನ್ನಾಗಿ ಒಣಗಿದೆಯೇ ಎಂದು ವ್ಯಾಪಾರಿಗಳು ಹೇಳುತ್ತಾರೆ. ಮೀನನ್ನು ಸೀಳಿ, ಕುದಿಬಿಂದುವಿಗೆ ಸ್ವಲ್ಪ ಕೆಳಗಿನ ಬಿಸಿಯಲ್ಲಿ ಬೇಯಿಸಿ, ಮುಳ್ಳುಗಳನ್ನು ಕೈಯಿಂದ ಕಿತ್ತು, ಓಕ್ ಜಾತಿಯ ಕಟ್ಟಿಗೆಯ ಹೊಗೆಯಲ್ಲಿ ವಾರಗಟ್ಟಲೆ ಮತ್ತೆ ಮತ್ತೆ ಒಣಗಿಸುತ್ತಾರೆ. ಇಷ್ಟಕ್ಕೇ ನಿಲ್ಲಿಸಿದ್ದು ಅರಾಬುಶಿ. ದಿನಬಳಕೆಗೆ ಹೆಚ್ಚಾಗಿ ಸಿಗುವುದು ಇದೇ. ಉತ್ತಮ ದರ್ಜೆಗೆ ಇನ್ನೂ ಮುಂದೆ ಹೋಗಿ, ಮೇಲ್ಮೈಯನ್ನು ಹೆರೆದು, ಒಂದು ಬಗೆಯ ಒಳ್ಳೆಯ ಬೂಷ್ಟು ಹಿಡಿಸಿ, ಬಿಸಿಲಿಗಿಟ್ಟು, ಮತ್ತೆ ಬೂಷ್ಟು ಹಿಡಿಸಿ, ಹೀಗೆ ತಿಂಗಳುಗಟ್ಟಲೆ ಮಾಗಿಸುತ್ತಾರೆ. ಬೂಷ್ಟು ಉಳಿದ ತೇವವನ್ನು ಹೀರುತ್ತದೆ, ಕೊಬ್ಬನ್ನು ಒಡೆಯುತ್ತದೆ. ಹಾಗಾಗಿಯೇ ಇದರಿಂದ ತೆಗೆದ ಸಾರು ಎಣ್ಣೆಯ ಹನಿಯಿಲ್ಲದೆ ತಿಳಿಯಾಗಿರುತ್ತದೆ. ಕಾಗೊಶಿಮಾ ಪ್ರಾಂತದ ಮಾಕುರಾಜಾಕಿ ಮತ್ತು ಯಾಮಾಗಾವಾ, ಶಿಜುಓಕಾ ಪ್ರಾಂತದ ಯಾಯಿಜು ಈ ಕಸುಬಿನ ಮುಖ್ಯ ಊರುಗಳು. ಅಂಗಡಿಯ ಹಿರಿಯರು ಮರದ ಪೆಟ್ಟಿಗೆಗೆ ಅಳವಡಿಸಿದ ಉಳಿಯ ಮೇಲೆ ದಿಂಡನ್ನು ಉಜ್ಜಿ, ತೆಳ್ಳನೆಯ ಗುಲಾಬಿ ಬಣ್ಣದ ಸಿಪ್ಪೆಗಳನ್ನು ನಮ್ಮ ಅಂಗೈಗೆ ಹಾಕಿದರು. ಹೊಗೆ, ಮಾಂಸ, ಸಣ್ಣ ಹುಳಿ, ಆಮೇಲೆ ನಾಲಿಗೆಯ ಮೇಲೆ ಬಹಳ ಹೊತ್ತು ನಿಲ್ಲುವ ತುಂಬು ರುಚಿ. ಪೊಟ್ಟಣದಲ್ಲಿ ಬರುವ ಸಿಪ್ಪೆಗೂ ಇದಕ್ಕೂ ಹೋಲಿಕೆಯೇ ಇಲ್ಲ.

ಅಲ್ಲಿಂದ ಎರಡು ಹೆಜ್ಜೆಯಲ್ಲಿ ಕೊಂಬು ಮಾರುವ ಅಂಗಡಿ. ಕೊಂಬು ಎಂದರೆ ಉತ್ತರದ ಹೊಕ್ಕಾಯಿಡೊ ತೀರದ ತಣ್ಣನೆಯ ನೀರಿನಲ್ಲಿ ಬೆಳೆಯುವ ಅಗಲವಾದ ಕಡಲಕಳೆ. ಬೇಸಿಗೆಯಲ್ಲಿ ಕಿತ್ತು ತೀರದ ಕಲ್ಲುಗಳ ಮೇಲೆ ಹರಡಿ ಒಣಗಿಸುತ್ತಾರೆ. ರಿಶಿರಿ, ರಾವುಸು, ಹಿದಾಕಾ ಎಂಬ ಹೆಸರುಗಳೆಲ್ಲ ಬೆಳೆಯುವ ಜಾಗದಿಂದ ಬಂದವು, ಮತ್ತು ಒಂದೊಂದರ ಗುಣವೂ ಬೇರೆ. ತಿಳಿಯಾದ, ಹದವಾದ ಸಾರು ಕೊಡುವ ರಿಶಿರಿಯನ್ನು ಕ್ಯೋಟೊದ ಅಡುಗೆಯವರು ಮೆಚ್ಚುತ್ತಾರೆ. ರಾವುಸುವಿನ ಸಾರು ಗಾಢವಾಗಿ, ತುಸು ಬಣ್ಣಗಟ್ಟಿ ಬರುತ್ತದೆ. ಹಿದಾಕಾ ಬೇಗ ಮೆತ್ತಗಾಗುವುದರಿಂದ ಬೇಯಿಸಿ ತಿನ್ನಲು ಹೇಳಿ ಮಾಡಿಸಿದ್ದು. ಮಾರ್ಗದರ್ಶಿ ತಮ್ಮ ಚೀಲದಿಂದ ಎರಡು ಬಿಸಿನೀರಿನ ಫ್ಲಾಸ್ಕುಗಳನ್ನು ತೆಗೆದರು. ಮೊದಲನೆಯದರಲ್ಲಿ ಬರೀ ಕೊಂಬುವಿನ ಸಾರು, ಎರಡನೆಯದರಲ್ಲಿ ಕಾತ್ಸುವೊಬುಶಿಯದು. ಒಂದೊಂದನ್ನೂ ಬೇರೆಯಾಗಿ ಗುಟುಕರಿಸಿದಾಗ ಕೊಂಬು ಸಪ್ಪೆಯೆನಿಸಿತು, ಕಾತ್ಸುವೊ ಒರಟೆನಿಸಿತು. ಎರಡನ್ನೂ ಅದೇ ಲೋಟದಲ್ಲಿ ಬೆರೆಸಿ ಕೊಟ್ಟಾಗ ಉಪ್ಪನ್ನು ಸೇರಿಸಿದ್ದಾರೇನೋ ಎಂದು ಗುಂಪಿನವರೆಲ್ಲ ಮುಖ ಮುಖ ನೋಡಿಕೊಂಡರು. ಏನನ್ನೂ ಸೇರಿಸಿರಲಿಲ್ಲ.

ಇದರ ಹಿಂದಿನ ವಿಜ್ಞಾನ ಟೋಕಿಯೊದಲ್ಲೇ ಹುಟ್ಟಿದ್ದು. 1908ರಲ್ಲಿ ಟೋಕಿಯೊ ಸಾಮ್ರಾಜ್ಯ ವಿಶ್ವವಿದ್ಯಾಲಯದ ರಸಾಯನಶಾಸ್ತ್ರಜ್ಞ ಇಕೆದಾ ಕಿಕುನಾಯೆ, ಕೊಂಬುವಿನ ಸಾರಿನ ರುಚಿಗೆ ಕಾರಣ ಗ್ಲುಟಾಮೇಟ್ ಎಂದು ಪತ್ತೆಹಚ್ಚಿ ಅದಕ್ಕೆ ಉಮಾಮಿ ಎಂದು ಹೆಸರಿಟ್ಟರು. 1913ರಲ್ಲಿ ಅವರ ಶಿಷ್ಯ ಕೊದಾಮಾ ಶಿಂತಾರೊ ಕಾತ್ಸುವೊಬುಶಿಯಲ್ಲಿ ಇನೊಸಿನೇಟ್ ಇರುವುದನ್ನು ತೋರಿಸಿದರು. ಇವೆರಡೂ ಒಟ್ಟಿಗೆ ಸೇರಿದಾಗ ಉಮಾಮಿಯ ಅನುಭವ ಬರಿಯ ಕೂಡಿಕೆಯನ್ನು ಮೀರಿ ಹಲವು ಪಟ್ಟು ಹೆಚ್ಚುತ್ತದೆ. ಒಣಗಿದ ಶಿಯಿತಾಕೆ ಅಣಬೆಯಲ್ಲಿರುವ ಗ್ವಾನಿಲೇಟ್ ಕೂಡ ಇದೇ ಬಗೆಯಲ್ಲಿ ಕೆಲಸ ಮಾಡುತ್ತದೆಂದು ಮುಂದೆ ತಿಳಿದುಬಂತು. ಇದನ್ನು ಎಲ್ಲಿ ಬೇಕಾದರೂ ಓದಬಹುದು. ಆದರೆ ಓದಿದ್ದು ನಾಲಿಗೆಗೆ ತಿಳಿಯುವುದು ಮೂರು ಗುಟುಕುಗಳನ್ನು ಒಂದರ ಬೆನ್ನಿಗೊಂದು ಕುಡಿದಾಗಲೇ, ಮತ್ತು ಅದನ್ನು ಯಾರಾದರೂ ಯೋಚಿಸಿ ಅಣಿಗೊಳಿಸಿ ತಂದಿರಬೇಕು. ಆ ಬೆಳಗಿನ ಉಳಿದ ತಿನಿಸುಗಳೆಲ್ಲ ನನಗೆ ಬೇರೆಯಾಗಿ ಕಂಡದ್ದು ಇದರ ನಂತರವೇ. ಮೊಟ್ಟೆಯ ರೋಲಿನಲ್ಲಿ, ಮೀನಿನ ವಡೆಯಲ್ಲಿ, ಸಾರಿನಲ್ಲಿ, ಕೊನೆಗೆ ಸೋಯಾ ಸಾಸಿನ ಪುಟ್ಟ ಬಟ್ಟಲಲ್ಲೂ ದಾಶಿ ಎಂಬ ಆ ಮೂಲ ಸಾರಿನ ತಳಪಾಯವನ್ನೇ ಹುಡುಕತೊಡಗಿದೆ.

ಮೊಟ್ಟೆಯ ರೋಲು, ಅಂದರೆ ತಮಾಗೊಯಾಕಿ, ತ್ಸುಕಿಜಿಯ ಪ್ರಸಿದ್ಧ ತಿನಿಸು. ಚೌಕಾಕಾರದ ತಾಮ್ರದ ಬಾಣಲೆಗಳನ್ನು ಸಾಲಾಗಿ ಒಲೆಯ ಮೇಲಿಟ್ಟು, ಒಬ್ಬರೇ ಏಕಕಾಲಕ್ಕೆ ಹಲವನ್ನು ಮಡಚುವ ಕೈಚಳಕವನ್ನು ಗಾಜಿನಾಚೆಯಿಂದ ನೋಡಬಹುದು. ಟೋಕಿಯೊ ಕಡೆಯದು ಸಿಹಿ, ಒಸಾಕಾ ಮತ್ತು ಕ್ಯೋಟೊ ಕಡೆಯದು ದಾಶಿ ಹೆಚ್ಚಾಗಿರುವ, ಮೃದುವಾದ, ಸಿಹಿ ಕಡಿಮೆಯಾದದ್ದು. ಇಲ್ಲಿ ಎರಡು ಬಗೆಯನ್ನೂ ಪಕ್ಕಪಕ್ಕದಲ್ಲಿ ಕೊಟ್ಟದ್ದು ಒಳ್ಳೆಯ ಯೋಜನೆ. ಸುಟ್ಟ ಸ್ಕ್ಯಾಲಪ್, ಮೀನಿನ ಮಾಂಸವನ್ನು ಅರೆದು ಕರಿದ ವಡೆ, ಉಪ್ಪಿನಕಾಯಿ, ಹುರಿದ ಚಹಾ ಇವೆಲ್ಲ ಚೆನ್ನಾಗಿದ್ದವು, ಅದಕ್ಕಿಂತ ಹೆಚ್ಚು ಹೇಳಬೇಕಾದ್ದಿಲ್ಲ. ಗೋಮಾಂಸದ ಕಡ್ಡಿ ಮತ್ತು ಸ್ಟ್ರಾಬೆರಿ ಸಿಕ್ಕಿಸಿದ ಸಿಹಿಯನ್ನು ಮೀನುಪೇಟೆಯ ನಡಿಗೆಯಲ್ಲಿ ಸೇರಿಸುವ ಅಗತ್ಯ ನನಗೆ ಕಾಣಲಿಲ್ಲ. ಅವು ಚಿತ್ರ ತೆಗೆಯಲು ಚೆಂದವಾಗಿರುವ, ಪ್ರವಾಸಿಗರಿಗಾಗಿಯೇ ಈಚೆಗೆ ಬಂದ ತಿನಿಸುಗಳು. ಅವಕ್ಕೆ ಹೋದ ಸಮಯ ಕಡಲಕಳೆಯ ಅಂಗಡಿಗೆ ಸಿಗಬಹುದಿತ್ತು.

ಟ್ಯೂನಾ ಅಂಗಡಿಯ ಮುಂದೆ ಮಾರ್ಗದರ್ಶಿ ಪೇಟೆಯ ವ್ಯವಸ್ಥೆಯನ್ನು ವಿವರಿಸಿದರು. ದೇಶದ ಮೂಲೆಮೂಲೆಯಿಂದ ಮತ್ತು ಹೊರದೇಶಗಳಿಂದ ಬರುವ ಮೀನನ್ನು ದೊಡ್ಡ ಸಗಟು ಸಂಸ್ಥೆಗಳು ಸ್ವೀಕರಿಸಿ ಮಾರುತ್ತವೆ; ಅದನ್ನು ಕೊಳ್ಳುವವರು ನಕಾವೊರೊಶಿ ಎಂಬ ಮಧ್ಯವರ್ತಿ ಸಗಟುಗಾರರು; ಅವರಿಂದ ಮೀನಂಗಡಿಗೆ, ಹೋಟೆಲಿಗೆ ಹೋಗುತ್ತದೆ. ನಮ್ಮ ಮಾತಿನಲ್ಲಿ ಮಧ್ಯವರ್ತಿ ಎಂದರೆ ಸುಮ್ಮನೆ ಲಾಭ ಹೊಡೆಯುವವನೆಂಬ ಧ್ವನಿಯಿದೆ, ಇಲ್ಲಿ ಹಾಗಲ್ಲ. ಬಾಲದ ಬಳಿ ಕತ್ತರಿಸಿದ ಭಾಗಕ್ಕೆ ಟಾರ್ಚು ಹಿಡಿದು, ಚೂರು ಮಾಂಸವನ್ನು ಬೆರಳಲ್ಲಿ ಉಜ್ಜಿ, ಒಳಗಿನ ಕೊಬ್ಬು ಹೇಗಿದೆ, ಬಣ್ಣ ಎಷ್ಟು ಗಂಟೆ ನಿಲ್ಲುತ್ತದೆ ಎಂದು ಅಂದಾಜು ಮಾಡುವುದು ಅವರ ವಿದ್ಯೆ. ಯಾವ ಹೋಟೆಲಿಗೆ ಯಾವ ಮೀನು ಒಪ್ಪುತ್ತದೆಂಬುದೂ ಅವರಿಗೆ ಗೊತ್ತು. ಹೆಚ್ಚಿನ ಮೀನು ಈಗ ಹರಾಜಿಲ್ಲದೆ, ಎದುರುಬದುರು ಮಾತುಕತೆಯಲ್ಲೇ ಬೆಲೆ ಕುದುರಿ ಮಾರಾಟವಾಗುತ್ತದೆ. ಟ್ಯೂನಾ ಈಗಲೂ ಹರಾಜನ್ನು ಉಳಿಸಿಕೊಂಡಿದೆ. 2019ರ ಹೊಸವರ್ಷದ ಮೊದಲ ಹರಾಜಿನಲ್ಲಿ ಅವೊಮೊರಿ ಪ್ರಾಂತದ ಓಮಾದಿಂದ ಬಂದ 278 ಕಿಲೋ ತೂಕದ ಬ್ಲೂಫಿನ್ ಟ್ಯೂನಾ ಒಂದು 33 ಕೋಟಿ 36 ಲಕ್ಷ ಯೆನ್‌ಗೆ ಹೋದದ್ದು ಜಗತ್ತಿನಾದ್ಯಂತ ಸುದ್ದಿಯಾಯಿತು. ಅದನ್ನು ಕೊಂಡ ಸುಶಿ ಸರಣಿಯ ಮುಖ್ಯ ಅಂಗಡಿ ಇದೇ ಹೊರಪೇಟೆಯಲ್ಲಿದೆ. ಆ ಬೆಲೆ ಮೀನಿನದಲ್ಲ, ಹೊಸವರ್ಷದ ಶುಭಶಕುನ ಮತ್ತು ಪ್ರಚಾರದ್ದು ಎಂದು ಮಾರ್ಗದರ್ಶಿ ಸ್ಪಷ್ಟವಾಗಿ ಹೇಳಿದ್ದನ್ನು ಮೆಚ್ಚಿಕೊಂಡೆ. ಕೆಂಪು ಮಾಂಸ, ನಡುಗೊಬ್ಬು, ತುಂಬುಗೊಬ್ಬು ಎಂಬ ಮೂರು ತುಣುಕುಗಳನ್ನು ಕೊಟ್ಟು, ಇಂದು ಅತಿ ದುಬಾರಿಯಾಗಿರುವ ಹೊಟ್ಟೆಯ ಕೊಬ್ಬನ್ನು ಎದೊ ಕಾಲದವರು ಬೇಗ ಕೆಡುವ ಕೀಳು ಮಾಂಸವೆಂದು ಎಸೆಯುತ್ತಿದ್ದರೆಂದರು. ಮಂಜುಗಡ್ಡೆಯಿಲ್ಲದ ಕಾಲದಲ್ಲಿ ಮೀನನ್ನು ಸೋಯಾ ಸಾಸಿನಲ್ಲಿ ನೆನೆಸಿಯೋ ವಿನಿಗರಿನಲ್ಲಿ ಹದಗೊಳಿಸಿಯೋ ಉಳಿಸಬೇಕಿತ್ತು, ಕೊಬ್ಬಿಗೆ ಸೋಯಾ ಇಳಿಯುವುದಿಲ್ಲ. ಈ ವಿವರದ ನಂತರ ಕೆಂಪು ತುಣುಕೇ ನನಗೆ ಹೆಚ್ಚು ಹಿಡಿಸಿತು.

ಚೂರಿ ಅಂಗಡಿಯಲ್ಲಿ ನಿಂತದ್ದು ಕಡಿಮೆ ಹೊತ್ತು. ಒಂದೇ ಬದಿಗೆ ಸಾಣೆ ಹಿಡಿದ, ಉದ್ದನೆಯ ಯಾನಾಗಿಬಾ ಚೂರಿಯನ್ನು ಹಿಂದಕ್ಕೆ ಒಮ್ಮೆಗೇ ಎಳೆದು ಕತ್ತರಿಸಿದರೆ ಮೀನಿನ ಹೋಳಿನ ಮೈ ನುಣುಪಾಗಿ ಉಳಿಯುತ್ತದೆ, ಗರಗಸದಂತೆ ಹಿಂದೆ ಮುಂದೆ ಆಡಿಸಿದರೆ ರಸ ಸೋರಿ ರುಚಿ ಕೆಡುತ್ತದೆ ಎಂಬ ಮಾತು ನೆನಪಿನಲ್ಲಿ ಉಳಿಯಿತು. ಕೊಳ್ಳುವ ಮನಸ್ಸಿದ್ದವರು ನಡಿಗೆ ಮುಗಿದ ಮೇಲೆ ಹೋಗುವುದು ಮೇಲು, ಏಕೆಂದರೆ ಒಳ್ಳೆಯ ಅಂಗಡಿಗಳಲ್ಲಿ ಕೈಗೆ ಹೊಂದುವ ಚೂರಿಯನ್ನು ಆರಿಸಿ, ಸಾಣೆ ಹಿಡಿದು ಕೊಡಲು ಸಮಯ ಬೇಕು.

ಪೇಟೆಯ ತುದಿಯಲ್ಲಿರುವ ನಾಮಿಯೊಕೆ ಇನಾರಿ ಗುಡಿಗೆ ಎಲ್ಲ ಪ್ರವಾಸಗಳೂ ಹೋಗುವುದಿಲ್ಲ. ಹೋಗದ ಪ್ರವಾಸವನ್ನು ಸಂಸ್ಕೃತಿಯ ಪ್ರವಾಸವೆಂದು ಕರೆಯುವುದು ಕಷ್ಟ. ಸಮುದ್ರವನ್ನು ತುಂಬುವ ಕೆಲಸ ನಡೆಯುವಾಗ ಅಲೆಗಳು ಕಟ್ಟಿದ್ದನ್ನೆಲ್ಲ ಮತ್ತೆ ಮತ್ತೆ ಕೊಚ್ಚಿಕೊಂಡು ಹೋಗುತ್ತಿದ್ದವು, ಒಂದು ರಾತ್ರಿ ನೀರಿನ ಮೇಲೆ ಹೊಳೆಯುತ್ತ ತೇಲಿಬಂದ ಇನಾರಿ ದೇವರ ಮೂರ್ತಿಯನ್ನು ಎತ್ತಿ ತಂದು ಪೂಜಿಸಿದ ಮೇಲೆ ಅಲೆಗಳು ಶಾಂತವಾದವು ಎಂಬುದು ಗುಡಿಯ ಸ್ಥಳಪುರಾಣ. 1659ರಲ್ಲಿ ಸ್ಥಾಪನೆಯಾದ ಗುಡಿ ಅಂದಿನಿಂದ ಆಪತ್ತಿನ ಅಲೆಗಳನ್ನು ತಡೆಯುವ ದೇವರ ನೆಲೆಯಾಗಿ ಮೀನಿನವರ ನಂಬಿಕೆಯನ್ನು ಪಡೆದಿದೆ. ಬಾಗಿಲಿನ ಎರಡೂ ಬದಿಗೆ ಎರಡು ಬೃಹತ್ತಾದ ಸಿಂಹದ ತಲೆಗಳಿವೆ. ಗಂಡುಸಿಂಹದ ತಲೆ ಸುಮಾರು ಒಂದು ಟನ್ ತೂಗುತ್ತದೆ, ಹೆಣ್ಣಿನದು ಕೆಂಪು ಬಣ್ಣದ್ದು, ಅದರ ಹಲ್ಲುಗಳಿಗೆ ಹಿಂದಿನ ಕಾಲದ ಗೃಹಿಣಿಯರಂತೆ ಕಪ್ಪು ಬಳಿದಿದೆ. ಜೂನ್ ತಿಂಗಳ ಉತ್ಸವದಲ್ಲಿ ಸಿಂಹದ ತಲೆಗಳ ಮೆರವಣಿಗೆ ನಡೆಯುತ್ತದೆ.

ಆದರೆ ನನ್ನನ್ನು ನಿಲ್ಲಿಸಿದ್ದು ಸಿಂಹಗಳಲ್ಲ, ಅಂಗಳದ ಬದಿಯಲ್ಲಿ ಸಾಲಾಗಿರುವ ಕಲ್ಲುಗಳು. ಸುಶಿಗೊಂದು ಕಲ್ಲು, ಸಿಗಡಿಗೊಂದು, ಆಂಕೊ ಎಂಬ ಆಳಸಮುದ್ರದ ಮೀನಿಗೊಂದು, ಜೀವಂತವಾಗಿ ಮಾರಾಟವಾಗುವ ಮೀನುಗಳಿಗೊಂದು, ಚಿಪ್ಪುಮೀನಿಗೊಂದು, ಮೊಟ್ಟೆಗೂ ಒಂದು. ಇವುಗಳಿಂದಲೇ ಬದುಕು ಕಟ್ಟಿಕೊಂಡ ವ್ಯಾಪಾರದವರು, ತಮ್ಮ ಕೈಯಲ್ಲಿ ಸತ್ತ ಜೀವಗಳ ನೆನಪಿಗೆ ಮತ್ತು ಅವಕ್ಕೆ ಕೃತಜ್ಞತೆಗೆ ನಿಲ್ಲಿಸಿದ ಸ್ಮಾರಕಗಳು ಇವು. ಕೊಲ್ಲುವುದು ತಪ್ಪೋ ಸರಿಯೋ ಎಂಬ ಚರ್ಚೆಗೆ ಮಾರ್ಗದರ್ಶಿ ಹೋಗಲಿಲ್ಲ. ಪ್ರತಿದಿನ ಸಾವಿರಾರು ಮೀನುಗಳನ್ನು ಸೀಳುವ ಕೈಗಳು ಆ ಜೀವದ ಮುಂದೆ ಬಾಗುವುದನ್ನು ಮರೆಯಬಾರದೆಂಬ ಎಚ್ಚರ ಈ ಕಸುಬಿನ ಒಳಗೇ ಇದೆ ಎಂದಷ್ಟೇ ಹೇಳಿ, ನಮ್ಮನ್ನು ಸ್ವಲ್ಪ ಹೊತ್ತು ಸುಮ್ಮನೆ ನೋಡಲು ಬಿಟ್ಟರು. ಒಂದು ಪೇಟೆಯ ನೀತಿಯನ್ನು ಅರಿಯಲು ಇದಕ್ಕಿಂತ ಒಳ್ಳೆಯ ಜಾಗವನ್ನು ನಾನು ಯಾವ ಮಾರುಕಟ್ಟೆಯಲ್ಲೂ ಕಂಡಿಲ್ಲ.

ಇಷ್ಟು ಕೊಟ್ಟ ಪ್ರವಾಸ ಕೊನೆಯಲ್ಲಿ ಎಡವಿದ್ದು ಬೇಸರದ ಸಂಗತಿ. ಊಟಕ್ಕೆ ಕರೆದೊಯ್ದದ್ದು ಮಹಡಿಯ ಮೇಲಿನ ಇಕ್ಕಟ್ಟಾದ ಕೋಣೆಗೆ. ಅಲ್ಲಿ ಬೇರೆ ಬೇರೆ ಗುಂಪುಗಳಿಗೆ ಒಂದೇ ಬಗೆಯ ತಟ್ಟೆಗಳನ್ನು ಮೊದಲೇ ಅಣಿಮಾಡಿಟ್ಟಿದ್ದರು. ಸುಶಿಯ ಅನ್ನ ಕೈಯ ಬಿಸಿಯಷ್ಟಾದರೂ ಬೆಚ್ಚಗಿರಬೇಕು, ಬಾಯಲ್ಲಿ ಬಿಡಿಬಿಡಿಯಾಗಬೇಕು. ಇಲ್ಲಿ ಅದು ತಣ್ಣಗಾಗಿ ಮುದ್ದೆಗಟ್ಟಿತ್ತು. ಬೆಳಗ್ಗೆಯಿಡೀ ಒಳ್ಳೆಯದನ್ನು ಗುರುತಿಸಲು ಕಲಿಸಿ, ಕಲಿತ ನಾಲಿಗೆಯ ಮುಂದೆ ಅಂಥ ತಟ್ಟೆಯನ್ನು ಇಡಬಾರದಿತ್ತು. ಊಟವನ್ನು ಬಿಟ್ಟು ಶುಲ್ಕವನ್ನು ಇಳಿಸಿ, ಒಳ್ಳೆಯ ಸುಶಿ ಎಲ್ಲಿ ಸಿಗುತ್ತದೆಂದು ಹೇಳಿ ಕಳುಹಿಸಿದ್ದರೆ ಎಲ್ಲರಿಗೂ ಹಿತವಾಗುತ್ತಿತ್ತು.

ಇನ್ನೊಂದು ಕೊರತೆ ಇದಕ್ಕಿಂತ ಗಂಭೀರವಾದದ್ದು. ಹಾವುಮೀನಿನ ಕಡ್ಡಿಯನ್ನು ರುಚಿಗೆ ಕೊಡುವಾಗ, ಜಪಾನಿನ ಹಾವುಮೀನು 2014ರಿಂದ ಐಯುಸಿಎನ್ (ಅಂತರರಾಷ್ಟ್ರೀಯ ನಿಸರ್ಗ ಸಂರಕ್ಷಣಾ ಒಕ್ಕೂಟ) ಕೆಂಪುಪಟ್ಟಿಯಲ್ಲಿ ಅಳಿವಿನಂಚಿನ ಜೀವಿಯಾಗಿದೆ ಎಂಬುದನ್ನು ಯಾರೂ ಹೇಳಲಿಲ್ಲ. ಪೆಸಿಫಿಕ್ ಬ್ಲೂಫಿನ್ ಟ್ಯೂನಾ ತೀರ ಕುಸಿದಿದ್ದದ್ದು, ಹಿಡಿಯುವ ಪ್ರಮಾಣಕ್ಕೆ ದೇಶಗಳು ಒಪ್ಪಿ ಮಿತಿ ಹಾಕಿಕೊಂಡ ಮೇಲೆ ಚೇತರಿಸಿಕೊಳ್ಳುತ್ತಿರುವುದು, 2021ರಲ್ಲಿ ಅದೇ ಪಟ್ಟಿಯಲ್ಲಿ ಅದರ ಸ್ಥಾನ ಒಂದು ಮೆಟ್ಟಿಲು ಸುಧಾರಿಸಿದ್ದು ಇವೆಲ್ಲ ಆ ಅಂಗಡಿಯ ಮುಂದೆ ಹೇಳಬೇಕಾದ ಮಾತುಗಳೇ. ಜಪಾನಿನ ಮನೆಗಳಲ್ಲಿ ಮೀನು ತಿನ್ನುವುದು ವರ್ಷದಿಂದ ವರ್ಷಕ್ಕೆ ಇಳಿಯುತ್ತಿದೆ, 2011ರ ಸುಮಾರಿಗೇ ಮಾಂಸದ ಬಳಕೆ ಮೀನನ್ನು ಹಿಂದಿಕ್ಕಿದೆ ಎಂಬುದೂ ಬರಲಿಲ್ಲ. ನಾನಾಗಿ ಕೇಳಿದಾಗ ಮಾರ್ಗದರ್ಶಿ ತಿಳಿದು, ಕಳಕಳಿಯಿಂದಲೇ ಉತ್ತರಿಸಿದರು. ಅಂದರೆ ಅರಿವು ಇತ್ತು, ಸಂಸ್ಥೆ ಸಿದ್ಧಪಡಿಸಿದ ವಿವರಣೆಯಲ್ಲಿ ಅದಕ್ಕೆ ಜಾಗವಿರಲಿಲ್ಲ. ಮೀನಿನ ಪೇಟೆಯನ್ನು ಪ್ರೀತಿಯಿಂದ ತೋರಿಸುವವರು ಮೀನಿನ ನಾಳೆಯ ಬಗ್ಗೆ ಮೌನವಾಗಿರುವುದು ಸಲ್ಲದು. ಪೇಟೆಯ ನಾಳೆಯೂ ಅಷ್ಟೇ: ಒಳಪೇಟೆಯಿದ್ದ ವಿಶಾಲ ಜಾಗದಲ್ಲಿ ಐವತ್ತು ಸಾವಿರ ಜನ ಹಿಡಿಯುವ ಕ್ರೀಡಾಂಗಣವನ್ನು ಒಳಗೊಂಡ ಯೋಜನೆಗೆ 2024ರಲ್ಲಿ ಟೋಕಿಯೊ ಆಡಳಿತ ಗುತ್ತಿಗೆದಾರರ ಕೂಟವನ್ನು ಆರಿಸಿದೆ. ಬೇಲಿಯಾಚೆಯ ಬಯಲನ್ನು ತೋರಿಸಿ ಇದನ್ನು ಒಂದೇ ವಾಕ್ಯದಲ್ಲಿ ಮುಗಿಸಿದರು.

ಕಾದಿರಿಸುವವರು ಕೆಲವು ಸಂಗತಿಗಳನ್ನು ಮೊದಲೇ ವಿಚಾರಿಸುವುದು ಒಳ್ಳೆಯದು. ಜಪಾನಿನಲ್ಲಿ ಮಾರ್ಗದರ್ಶಿ ದುಭಾಷಿಗಳಿಗೆ ಸರ್ಕಾರದ ಪರೀಕ್ಷೆಯಿದೆ. 2018ರ ಜನವರಿಯಿಂದ ಆ ಪರವಾನಗಿಯಿಲ್ಲದವರೂ ಹಣ ಪಡೆದು ಈ ಕೆಲಸ ಮಾಡಬಹುದು. ಪರವಾನಗಿಯೊಂದೇ ಯೋಗ್ಯತೆಯ ಗುರುತೆಂದು ನಾನು ಹೇಳುವುದಿಲ್ಲ, ಆದರೆ ಮಾರ್ಗದರ್ಶಿಗೆ ಪೇಟೆಯ ಜೊತೆ ಎಷ್ಟು ಕಾಲದ ಒಡನಾಟವಿದೆ ಎಂದು ಕೇಳಲು ಸಂಕೋಚ ಬೇಡ. ಗುಂಪು ಹತ್ತನ್ನು ದಾಟಿದರೆ ಆ ಓಣಿಗಳಲ್ಲಿ ವಿವರಣೆ ಕಿವಿಗೆ ಬೀಳುವುದಿಲ್ಲ. ಬುಧವಾರ ಮತ್ತು ಭಾನುವಾರ ಹಲವು ಅಂಗಡಿಗಳು ಮುಚ್ಚಿರುತ್ತವೆ. ಒಂಬತ್ತರ ನಂತರ ಜನಸಂದಣಿ ಏರುತ್ತಲೇ ಹೋಗುತ್ತದೆ, ಮಧ್ಯಾಹ್ನದ ಹೊತ್ತಿಗೆ ಒಳ್ಳೆಯ ಅಂಗಡಿಗಳು ಕದ ಹಾಕತೊಡಗುತ್ತವೆ. ಸಸ್ಯಾಹಾರಿಗಳು ಕಣ್ಣಿಗೆ ಮೀನು ಕಾಣದ ತಿನಿಸಿನಲ್ಲೂ ಕಾತ್ಸುವೊ ಸಾರು ಇರುತ್ತದೆಂಬುದನ್ನು ತಿಳಿದಿರಬೇಕು. ಮೊಟ್ಟೆಯ ರೋಲು, ಬೇಯಿಸಿದ ತರಕಾರಿ, ಮಿಸೊ ಸೂಪು, ಕೆಲವು ಉಪ್ಪಿನಕಾಯಿಗಳೂ ಇದಕ್ಕೆ ಹೊರತಲ್ಲ. ಕೊಂಬು, ಶಿಯಿತಾಕೆ, ಚಹಾ, ಒಣ ಬೀನ್ಸುಗಳ ಅಂಗಡಿಗಳು, ದೇವಾಲಯ, ಗುಡಿ ಇಷ್ಟನ್ನೇ ಇಟ್ಟುಕೊಂಡು ಖಾಸಗಿಯಾಗಿ ಕರೆದೊಯ್ಯುವ ಮಾರ್ಗದರ್ಶಿಗಳು ಸಿಗುತ್ತಾರೆ, ಮತ್ತು ಸಸ್ಯಾಹಾರಿಗಳಿಗೆ ಅದೇ ಸರಿಯಾದ ಆಯ್ಕೆ.

ಹರಾಜನ್ನು ನೋಡಲೇಬೇಕೆನ್ನುವವರು ಟೊಯೊಸುವಿಗೆ ಹೋಗಬೇಕು. ಮೇಲಿನ ಗಾಜಿನ ಹಾದಿಯಿಂದ ನೋಡುವುದಕ್ಕೆ ಯಾರ ಅನುಮತಿಯೂ ಬೇಡ. ಹರಾಜಿನ ನೆಲಕ್ಕೆ ಹತ್ತಿರದ ಕೆಳಗಿನ ವೀಕ್ಷಣಾ ಜಾಗಕ್ಕೆ ಹಿಂದಿನ ತಿಂಗಳೇ ಅರ್ಜಿ ಹಾಕಿ ಚೀಟಿ ಎತ್ತುವಿಕೆಯಲ್ಲಿ ಆಯ್ಕೆಯಾಗಬೇಕು. ಅದಕ್ಕೆ ಹಣವಿಲ್ಲ, ಮಾರ್ಗದರ್ಶಿಯೂ ಬೇಕಿಲ್ಲ. ಬೆಳಗಿನ ಐದೂವರೆಯ ಸುಮಾರಿಗೆ ಅಲ್ಲಿರಬೇಕಾದ್ದರಿಂದ ಹತ್ತಿರದಲ್ಲೇ ಉಳಿದುಕೊಳ್ಳಬೇಕು. ಸುಮಾರು 40 ಹೆಕ್ಟೇರಿನ, ತ್ಸುಕಿಜಿಯ ಹಳೆಯ ಪೇಟೆಗಿಂತ 1.7 ಪಟ್ಟು ದೊಡ್ಡದಾದ, ಉಷ್ಣತೆಯನ್ನು ಹದವಾಗಿಟ್ಟ ಮುಚ್ಚಿದ ಕಟ್ಟಡಗಳು ಅವು. ಹರಾಜು ಮುಗಿಸಿಕೊಂಡು ಎಂಟಕ್ಕೆ ತ್ಸುಕಿಜಿಯ ನಡಿಗೆಗೆ ಬಂದು ಸೇರಿಕೊಳ್ಳಲು ಸಮಯ ಸಾಲುತ್ತದೆ. ಎರಡನ್ನೂ ಅದೇ ದಿನ ಮಾಡುವುದಾದರೆ ಊಟವಿಲ್ಲದ ಪ್ರವಾಸವನ್ನೇ ಕಾದಿರಿಸಿ, ಸುಶಿಯನ್ನು ಸಂಜೆ ನೀವೇ ಆರಿಸಿದ ಅಂಗಡಿಯ ಕಟ್ಟೆಯ ಮುಂದೆ ಕುಳಿತು, ಒಂದೊಂದಾಗಿ ಮಾಡಿಸಿಕೊಂಡು ತಿನ್ನಿ.